ಎರಡು ಸರೋವರಗಳ ನಡುವಿನ ಕಣ

ಎಲ್ಲರಿಗೂ ನಮಸ್ಕಾರ.

ಓದಿನ ಸಲುವಾಗಿ ನಾನು ಐದು ವರ್ಷ ಇದ್ದ ಊರಿನ ಬಗ್ಗೆ ಮಾತನಾಡಿ ಎಂದು ಸಂಘಟಕರು ಕೇಳಿದರು. ರಸ್ತೆ, ಕಟ್ಟಡ, ಚಳಿ ಇವನ್ನು ಹೇಳಿ ಮುಗಿಸಬಹುದಿತ್ತು. ಆದರೆ ಆ ಊರು ನನ್ನ ಮನಸ್ಸಿನಲ್ಲಿ ಉಳಿದಿರುವುದು ಅಲ್ಲಿ ಬದುಕಿ ಹೋದ ಕೆಲವು ಜನರಿಂದ. ಅವರಲ್ಲಿ ಯಾರನ್ನೂ ನಾನು ಕಂಡವನಲ್ಲ. ಅವರು ನಡೆದ ಗುಡ್ಡ ಹತ್ತಿದ್ದೇನೆ, ಅವರು ಕೆಲಸ ಮಾಡಿದ ಕಟ್ಟಡಗಳ ಮುಂದೆ ನಿಂತಿದ್ದೇನೆ, ಅಷ್ಟೇ.

ಊರಿನ ಹೆಸರು ಮ್ಯಾಡಿಸನ್. ಅಮೆರಿಕದ ಉತ್ತರಕ್ಕಿರುವ ವಿಸ್ಕಾನ್ಸಿನ್ ರಾಜ್ಯದ ರಾಜಧಾನಿ. 2020ರ ಜನಗಣತಿಯಂತೆ ಅಲ್ಲಿರುವವರು ಸುಮಾರು 2 ಲಕ್ಷ 70 ಸಾವಿರ ಜನ. ನಮ್ಮ ಶಿವಮೊಗ್ಗಕ್ಕಿಂತ ಚಿಕ್ಕದು. ಮೆಂಡೋಟಾ ಮತ್ತು ಮೊನೋನಾ ಎಂಬ ಎರಡು ಸರೋವರಗಳ ನಡುವಿನ ಕಿರಿದಾದ ನೆಲದ ಪಟ್ಟಿಯ ಮೇಲೆ ಹಳೆಯ ಪೇಟೆ ಕುಳಿತಿದೆ. ಒಂದು ತುದಿಯಲ್ಲಿ ಶಾಸನಸಭೆಯ ಗುಮ್ಮಟ. ಅಲ್ಲಿಂದ ಮೈಲಿ ದೂರ ನೇರ ನಡೆದರೆ ವಿಶ್ವವಿದ್ಯಾಲಯದ ಗುಡ್ಡ. ರಾಜ್ಯ ಮತ್ತು ವಿಶ್ವವಿದ್ಯಾಲಯ ಎರಡೂ ಹುಟ್ಟಿದ್ದು 1848ರಲ್ಲಿ.

ಆ ಗುಡ್ಡದ ಮೇಲೆ ಬ್ಯಾಸ್ಕಮ್ ಹಾಲ್ ಎಂಬ ಕಟ್ಟಡವಿದೆ. ಅದರ ಬಾಗಿಲ ಪಕ್ಕದ ಕಂಚಿನ ಫಲಕವನ್ನು ಮೊದಲ ವಾರವೇ ಓದಿದೆ. 1894ರಲ್ಲಿ ರಿಚರ್ಡ್ ಇಲಿ ಎಂಬ ಅರ್ಥಶಾಸ್ತ್ರದ ಪ್ರಾಧ್ಯಾಪಕರ ಮೇಲೆ ದೂರು ಬಂತು: ಈ ಮನುಷ್ಯ ಮುಷ್ಕರ ಹೂಡಿದ ಕಾರ್ಮಿಕರ ಪರ ನಿಲ್ಲುತ್ತಾರೆ, ಹುಡುಗರಿಗೆ ಸಮಾಜವಾದ ಕಲಿಸುತ್ತಾರೆ ಎಂದು. ದೂರು ಕೊಟ್ಟವರು ರಾಜ್ಯದ ಶಿಕ್ಷಣ ಇಲಾಖೆಯ ಮುಖ್ಯಸ್ಥರೇ. ಆಡಳಿತ ಮಂಡಳಿ ವಿಚಾರಣೆ ನಡೆಸಿ ಇಲಿಯವರನ್ನು ನಿರ್ದೋಷಿ ಎಂದಿತು. ಅಷ್ಟಕ್ಕೇ ನಿಲ್ಲದೆ ವರದಿಯಲ್ಲಿ ಒಂದು ವಾಕ್ಯ ಸೇರಿಸಿತು. ಬೇರೆಡೆ ವಿಚಾರಕ್ಕೆ ಏನೇ ಕಟ್ಟುಪಾಡು ಇರಲಿ, ಜರಡಿ ಹಿಡಿಯುವ, ಕೇರುವ ಕೆಲಸವನ್ನು ಈ ವಿಶ್ವವಿದ್ಯಾಲಯ ನಿರಂತರವಾಗಿ, ನಿರ್ಭಯವಾಗಿ ನಡೆಯಗೊಡಬೇಕು. ಸತ್ಯ ಸಿಗುವುದು ಅದೊಂದರಿಂದಲೇ ಎಂಬುದು ಅದರ ಸಾರ. 1910ರ ವಿದ್ಯಾರ್ಥಿಗಳು ಆ ಮಾತನ್ನು ಕಂಚಿನಲ್ಲಿ ಬರೆಸಿ ಕೊಟ್ಟರು. ಅಷ್ಟು ಹೊತ್ತಿಗೆ ಆಡಳಿತದವರಿಗೇ ಅದು ಇರುಸುಮುರುಸಾಗಿತ್ತು. ಫಲಕ ಗೋಡೆ ಹತ್ತಿದ್ದು 1915ರಲ್ಲಿ.

ಅದನ್ನು ಓದಿದಾಗ ನನ್ನ ಕಣ್ಣಿಗೆ ಬಂದದ್ದು ಅಜ್ಜಿಯ ಮೊರ. ರಾಗಿ ಕೇರುವಾಗ ಅವಳ ಮಣಿಕಟ್ಟು ಒಂದೇ ಲಯದಲ್ಲಿ ಎದ್ದಿಳಿಯುತ್ತಿತ್ತು. ಜೊಳ್ಳು ಮೊರದ ತುದಿಯಿಂದ ಹಾರಿ ಬೀಳುತ್ತಿತ್ತು. ಅದರ ಜೊತೆ ನಾಲ್ಕು ಗಟ್ಟಿ ಕಾಳೂ ಹಾರುತ್ತಿದ್ದವು. ಕೆಲಸ ಮುಗಿದ ಮೇಲೆ ಅವಳು ಬಗ್ಗಿ ಅವನ್ನು ಆಯ್ದುಕೊಳ್ಳುತ್ತಿದ್ದಳು. ಮ್ಯಾಡಿಸನ್ನಿನ ಜನರ ಬಗ್ಗೆ ಓದುತ್ತ ಹೋದಂತೆ ಆ ಬಗ್ಗಿ ಆಯುವ ಕೆಲಸವೇ ನನಗೆ ಹೆಚ್ಚು ಮುಖ್ಯ ಎನಿಸಿತು. ಊರು ಯಾರನ್ನು ಮೊರದಲ್ಲಿ ಉಳಿಸಿಕೊಂಡಿತು, ಯಾರನ್ನು ಹಾರಿಸಿತು ಎಂದು ನೋಡುತ್ತ ಈ ಮಾತು ಮುಂದುವರಿಸುತ್ತೇನೆ.

ಹಳಬರಿಂದ ಶುರು ಮಾಡೋಣ. 1860ರ ಶರತ್ಕಾಲದಲ್ಲಿ ಜಾನ್ ಮ್ಯೂರ್ ಎಂಬ ರೈತರ ಹುಡುಗ ಮ್ಯಾಡಿಸನ್ನಿನ ರಾಜ್ಯ ಮೇಳಕ್ಕೆ ಮರದಲ್ಲಿ ಕೆತ್ತಿದ ಗಡಿಯಾರಗಳನ್ನು ಹೊತ್ತು ತಂದ. ಸ್ಕಾಟ್ಲೆಂಡಿನಿಂದ ವಲಸೆ ಬಂದ ಮನೆ, ಕಟ್ಟುನಿಟ್ಟಿನ ಅಪ್ಪ, ಬೆನ್ನು ಮುರಿಯುವ ಹೊಲದ ಕೆಲಸ. ಅಲ್ಲಿಂದ ಬಿಡಿಸಿಕೊಂಡವನು ಮುಂದಿನ ವರ್ಷ ವಿಶ್ವವಿದ್ಯಾಲಯ ಸೇರಿದ. ಅವನು ಮಾಡಿಕೊಂಡಿದ್ದ ಓದುವ ಮೇಜು ಇಂದಿಗೂ ಅಲ್ಲಿನ ಇತಿಹಾಸ ಸಂಘದಲ್ಲಿದೆ. ಗಡಿಯಾರದ ಯಂತ್ರಕ್ಕೆ ಜೋಡಿಸಿದ ಮೇಜು ಅದು. ಒಂದು ಪುಸ್ತಕವನ್ನು ತಾನೇ ಮೇಲೆತ್ತಿ ಎದುರಿಗೆ ಹಿಡಿಯುತ್ತದೆ. ಗೊತ್ತುಪಡಿಸಿದ ನಿಮಿಷ ಮುಗಿದೊಡನೆ ಕೆಳಗಿಳಿಸಿ ಮುಂದಿನದನ್ನು ಎತ್ತುತ್ತದೆ. ಆ ಹಲ್ಲುಚಕ್ರಗಳನ್ನು ಚಾಕುವಿನಲ್ಲಿ ಒಂದೊಂದಾಗಿ ಕಡೆದ ಹುಡುಗನ ಹಸಿವನ್ನು ಆ ಮೇಜಿನ ಮುಂದೆ ನಿಂತಾಗ ಮಾತ್ರ ಅರಿಯಬಹುದು. ಅವನ ಬದುಕು ತಿರುಗಿದ್ದು ಮಾತ್ರ ಮೇಜಿನಿಂದಲ್ಲ. ಸಹಪಾಠಿಯೊಬ್ಬ ಹಾಸ್ಟೆಲಿನ ಹೊರಗಿದ್ದ ಲೋಕಸ್ಟ್ ಮರದ ಹೂವನ್ನು ಬಿಡಿಸಿ ತೋರಿಸಿ, ಈ ದೊಡ್ಡ ಮರವೂ ಹಿತ್ತಲಿನ ಬಟಾಣಿ ಬಳ್ಳಿಯೂ ಒಂದೇ ಕುಲದವು ಎಂದ. ಮ್ಯೂರ್ ಆ ದಿನದಿಂದ ಕಾಡು ಹಿಡಿದ. ಪದವಿ ಮುಗಿಸದೆ 1863ರಲ್ಲಿ ಊರು ಬಿಟ್ಟ. ಮುಂದೆ ಯೋಸೆಮಿಟಿ ಕಣಿವೆಯ ರಕ್ಷಣೆಯ ಮಾತು ಬಂದರೂ, ಅಮೆರಿಕದ ರಾಷ್ಟ್ರೀಯ ಉದ್ಯಾನಗಳ ಮಾತು ಬಂದರೂ ಕೇಳಿಬರುವ ಹೆಸರು ಅವನದೇ.

ಇನ್ನು ಹಾಲಿನ ವಿಷಯ. ವಿಸ್ಕಾನ್ಸಿನ್ ಎಂದರೆ ಹೈನುಗಾರಿಕೆ. ನೀರು ಬೆರೆಸಿದವನಿಗೂ ಗಟ್ಟಿ ಹಾಲು ತಂದವನಿಗೂ ಡೇರಿಯಲ್ಲಿ ಒಂದೇ ದರ ಸಿಗುತ್ತಿದ್ದ ಕಾಲದಲ್ಲಿ, 1890ರಲ್ಲಿ, ಇದೇ ವಿಶ್ವವಿದ್ಯಾಲಯದ ರಸಾಯನ ವಿಜ್ಞಾನಿ ಸ್ಟೀಫನ್ ಬ್ಯಾಬ್‌ಕಾಕ್ ಒಂದು ಪರೀಕ್ಷೆ ಕಂಡುಹಿಡಿದರು. ಉದ್ದ ಕತ್ತಿನ ಶೀಷೆಗೆ ಹಾಲು ಹಾಕಿ, ಗಂಧಕಾಮ್ಲ ಸೇರಿಸಿ, ಯಂತ್ರದಲ್ಲಿಟ್ಟು ಗಿರಗಿರನೆ ತಿರುಗಿಸಿದರೆ ಕೊಬ್ಬು ಬೇರೆಯಾಗಿ ಕತ್ತಿಗೇರುತ್ತದೆ. ಅಲ್ಲಿನ ಗೆರೆ ನೋಡಿ ಎಷ್ಟಿದೆ ಎಂದು ಹೇಳಬಹುದು. ನಮ್ಮ ಹಳ್ಳಿಗಳ ಹಾಲಿನ ಸಂಘಗಳಲ್ಲಿ ಫ್ಯಾಟ್ ನೋಡಿ ದುಡ್ಡು ಕೊಡುವುದನ್ನು ನೀವೆಲ್ಲ ಕಂಡಿದ್ದೀರಿ. ಆ ನ್ಯಾಯದ ಹಿಂದಿರುವುದು ಇಂಥದೇ ಯೋಚನೆ. ಬ್ಯಾಬ್‌ಕಾಕ್ ಅದಕ್ಕೆ ಪೇಟೆಂಟ್ ತೆಗೆದುಕೊಳ್ಳಲಿಲ್ಲ. ಎಲ್ಲರೂ ಬಳಸಲಿ ಎಂದು ಬಿಟ್ಟುಕೊಟ್ಟರು. ಅವರ ನಂತರದ ತಲೆಮಾರಿನ ಹ್ಯಾರಿ ಸ್ಟೀನ್‌ಬಾಕ್ ಬೇರೆ ದಾರಿ ಹಿಡಿದರು. ಆಹಾರದ ಮೇಲೆ ಅತಿನೇರಳೆ ಬೆಳಕು ಹಾಯಿಸಿದರೆ ಅದರಲ್ಲಿ ವಿಟಮಿನ್ ಡಿ ಹೆಚ್ಚುತ್ತದೆ, ಮಕ್ಕಳ ಮೂಳೆ ಬಾಗುವ ರಿಕೆಟ್ಸ್ ರೋಗ ತಡೆಯಬಹುದು ಎಂದು ಕಂಡುಕೊಂಡವರು, ಪೇಟೆಂಟ್ ಪಡೆದು ಅದರ ಹಣ ವಿಶ್ವವಿದ್ಯಾಲಯದ ಸಂಶೋಧನೆಗೇ ಹೋಗುವಂತೆ ಮಾಡಿದರು. ಅದಕ್ಕಾಗಿ 1925ರಲ್ಲಿ ಹಳೆಯ ವಿದ್ಯಾರ್ಥಿಗಳು ಕಟ್ಟಿದ ಪ್ರತಿಷ್ಠಾನದ ಹೆಸರನ್ನು ಇಂಗ್ಲಿಷಿನ ಮೊದಲಕ್ಷರಗಳಲ್ಲಿ ಕೂಡಿಸಿ ಓದಿದರೆ ವಾರ್ಫ್. ಈ ಹೆಸರು ನೆನಪಿಡಿ.

ನನ್ನ ತಂದೆಗೆ ಹೃದಯದ ಕವಾಟ ಬದಲಾಯಿಸಿ ಹನ್ನೊಂದು ವರ್ಷವಾಯಿತು. ಪ್ರತಿ ರಾತ್ರಿ ಊಟದ ನಂತರ ಅವರು ಒಂದು ಸಣ್ಣ ಮಾತ್ರೆ ನುಂಗುತ್ತಾರೆ. ಆಗಾಗ ರಕ್ತ ಪರೀಕ್ಷೆ ಮಾಡಿಸಿ, ಬಂದ ಅಂಕಿಯನ್ನು ಕ್ಯಾಲೆಂಡರಿನ ಮೂಲೆಯಲ್ಲಿ ಬರೆದಿಡುತ್ತಾರೆ. ಅಮ್ಮ ಸೊಪ್ಪಿನ ಸಾರನ್ನು ಒಂದು ದಿನ ಹೆಚ್ಚು, ಒಂದು ದಿನ ಕಡಿಮೆ ಮಾಡುವುದಿಲ್ಲ. ಸೊಪ್ಪಿನಲ್ಲಿರುವ ವಿಟಮಿನ್ ಕೆ ಮಾತ್ರೆಯ ಕೆಲಸ ಕೆಡಿಸುತ್ತದೆ. ರಕ್ತ ಹೆಪ್ಪುಗಟ್ಟದಂತೆ ತಡೆಯುವ ಆ ಮಾತ್ರೆಯ ಹೆಸರು ವಾರ್ಫರಿನ್. ಇಲ್ಲಿ ಕುಳಿತ ಎಷ್ಟೋ ಜನರ ಮನೆಯಲ್ಲೂ ಅದು ಇದ್ದೀತು.

1933ರ ಫೆಬ್ರವರಿ, ಒಂದು ಶನಿವಾರ. ಹಿಮಗಾಳಿ ಬೀಸುತ್ತಿತ್ತು. ವಿಸ್ಕಾನ್ಸಿನ್ನಿನ ದೂರದ ಮೂಲೆಯ ರೈತನೊಬ್ಬ ಸುಮಾರು 300 ಕಿಲೋಮೀಟರ್ ವಾಹನ ಓಡಿಸಿಕೊಂಡು ಮ್ಯಾಡಿಸನ್ನಿಗೆ ಬಂದ. ಹಿಂದೆ ಒಂದು ಸತ್ತ ಕಡಸು, ಕೆಟ್ಟುಹೋದ ಸ್ವೀಟ್ ಕ್ಲೋವರ್ ಎಂಬ ಮೇವಿನ ಒಂದು ಹೊರೆ, ಹಾಲಿನ ಕ್ಯಾನಿನಲ್ಲಿ ರಕ್ತ. ಅವನ ದನಗಳು ಒಂದೊಂದಾಗಿ ರಕ್ತ ಸುರಿಸಿ ಸಾಯುತ್ತಿದ್ದವು. ಕ್ಯಾನಿನಲ್ಲಿದ್ದ ರಕ್ತ ಹೆಪ್ಪುಗಟ್ಟಿರಲಿಲ್ಲ. ಪಶುವೈದ್ಯರ ಸರ್ಕಾರಿ ಕಚೇರಿ ಅಂದು ಮುಚ್ಚಿತ್ತು. ಅವನಿಗೆ ತೆರೆದು ಸಿಕ್ಕ ಬಾಗಿಲು ಕಾರ್ಲ್ ಪಾಲ್ ಲಿಂಕ್ ಎಂಬ ಜೀವರಸಾಯನ ವಿಜ್ಞಾನಿಯ ಪ್ರಯೋಗಾಲಯದ್ದು.

ಲಿಂಕ್ ಆ ದಿನ ಕೊಡಬಹುದಾಗಿದ್ದ ಪರಿಹಾರ ಏನೂ ಇರಲಿಲ್ಲ. ಬೂಸಲು ಹಿಡಿದ ಆ ಹುಲ್ಲು ಹಾಕಬೇಡ, ಸಾಧ್ಯವಾದರೆ ಬೇರೆ ದನದ ರಕ್ತ ಕೊಡಿಸು ಎಂದರು. ಆರ್ಥಿಕ ಕುಸಿತದ ಆ ವರ್ಷಗಳಲ್ಲಿ ಬೇರೆ ಮೇವಿಗೆ ರೈತನ ಬಳಿ ದುಡ್ಡೆಲ್ಲಿತ್ತು? ಅವನು ಬರಿಗೈಯಲ್ಲಿ ಅದೇ ಹಿಮದಲ್ಲಿ ಹಿಂದಿರುಗಿದ. ಅವನು ಬಿಟ್ಟುಹೋದ ರಕ್ತವೂ ಹುಲ್ಲೂ ಪ್ರಯೋಗಾಲಯದಲ್ಲಿ ಉಳಿದವು. ಲಿಂಕ್ ಮತ್ತು ಅವರ ವಿದ್ಯಾರ್ಥಿಗಳು ಆರು ವರ್ಷ ಅದರ ಬೆನ್ನು ಹತ್ತಿದರು. 1939ರ ಜೂನ್ ತಿಂಗಳ ಒಂದು ಬೆಳಗಿನ ಜಾವ, ರಾತ್ರಿಯಿಡೀ ಕೆಲಸ ಮಾಡಿದ್ದ ಹೆರಾಲ್ಡ್ ಕ್ಯಾಂಪ್‌ಬೆಲ್ ಎಂಬ ವಿದ್ಯಾರ್ಥಿ ಸೂಕ್ಷ್ಮದರ್ಶಕದ ಗಾಜಿನ ಮೇಲೆ ಹರಳುಗಳನ್ನು ಕಂಡ. ಕೆಟ್ಟ ಮೇವಿನಲ್ಲಿದ್ದ, ರಕ್ತ ಹೆಪ್ಪುಗಟ್ಟದಂತೆ ಮಾಡುವ ಡೈಕುಮರಾಲ್ ಅದು. ಅದರ ಬಂಧುವಾದ ಇನ್ನೊಂದು ರಾಸಾಯನಿಕವನ್ನು 1948ರಲ್ಲಿ ಇಲಿ ಪಾಷಾಣವಾಗಿ ಹೊರತಂದರು. ಸಂಶೋಧನೆಗೆ ಹಣ ಕೊಟ್ಟ ವಾರ್ಫ್ ಪ್ರತಿಷ್ಠಾನದ ಹೆಸರೇ ಅದಕ್ಕೆ ಬಂತು: ವಾರ್ಫರಿನ್. ಕೆಲವೇ ವರ್ಷಗಳಲ್ಲಿ ಅದು ಮನುಷ್ಯರ ಔಷಧವಾಯಿತು. 1955ರಲ್ಲಿ ಹೃದಯಾಘಾತವಾದ ಅಧ್ಯಕ್ಷ ಐಸೆನ್‌ಹೋವರ್ ಅವರಿಗೂ ಕೊಟ್ಟರು. ಆ ರೈತನ ಉಳಿದ ದನಗಳ ಗತಿ ನೆನೆದರೆ ನನಗೆ ಈಗಲೂ ಸಂಕಟವಾಗುತ್ತದೆ. ನನ್ನ ತಂದೆಯ ಮಾತ್ರೆಯ ಹಿಂದೆ ಅವನ ಕಡಸು ಇದೆ.

ಈಗ ಹಾರಿಹೋದ ಕಾಳಿನ ಮಾತು. 1947ರಲ್ಲಿ ಜೋಷುವಾ ಲೆಡರ್‌ಬರ್ಗ್ ಎಂಬ ಇಪ್ಪತ್ತೆರಡರ ತರುಣ ಇಲ್ಲಿ ಪ್ರಾಧ್ಯಾಪಕರಾಗಿ ಸೇರಿದರು. ಹೆಂಡತಿ ಎಸ್ತರ್ ಇಲ್ಲಿಯೇ ಪಿಎಚ್.ಡಿ. ಮಾಡಿದರು. ಬ್ಯಾಕ್ಟೀರಿಯಾದ ಮೈಯಲ್ಲಿ ಅಡಗಿ ಕುಳಿತುಕೊಳ್ಳುವ ಲ್ಯಾಂಬ್ಡಾ ಎಂಬ ವೈರಸ್ಸನ್ನು ಕಂಡವರು ಎಸ್ತರ್. ಮುಂದೆ ಅರ್ಧ ಶತಮಾನದ ಜೀವವಿಜ್ಞಾನ ಅದರ ಹೆಗಲ ಮೇಲೆ ನಡೆಯಿತು. ಇನ್ನೊಂದು ಕೆಲಸವನ್ನು ಗಂಡಹೆಂಡತಿ ಸೇರಿ ಮಾಡಿದರು. ನೂರಾರು ಬ್ಯಾಕ್ಟೀರಿಯಾ ಗುಂಪುಗಳು ಬೆಳೆದ ತಟ್ಟೆಯನ್ನು ಇದ್ದಂತೆಯೇ ನಕಲು ತೆಗೆಯುವುದು ಹೇಗೆ? ಶುದ್ಧಗೊಳಿಸಿದ ಮಖಮಲ್ ಬಟ್ಟೆಯ ಮೇಲೆ ಆ ತಟ್ಟೆಯನ್ನು ಮೆಲ್ಲಗೆ ಒತ್ತಿ, ಅದೇ ಬಟ್ಟೆಯ ಮೇಲೆ ಹೊಸ ತಟ್ಟೆ ಒತ್ತಿದರು. ಮಖಮಲ್ಲಿನ ಒಂದೊಂದು ಎಳೆಯೂ ಸೂಜಿಯ ಹಾಗೆ ಕೆಲಸ ಮಾಡಿ, ಯಾವ ಗುಂಪು ಎಲ್ಲಿತ್ತೋ ಅಲ್ಲೇ ಬೆಳೆಯಿತು. ಮದ್ದು ತಾಗುವ ಮೊದಲೇ ಅದನ್ನು ತಾಳಿಕೊಳ್ಳುವ ಗುಣ ಕೆಲವು ಬ್ಯಾಕ್ಟೀರಿಯಾಗಳಲ್ಲಿ ಇರುತ್ತದೆ ಎಂದು 1952ರಲ್ಲಿ ತೋರಿಸಿದ್ದು ಈ ಬಟ್ಟೆಯ ತುಂಡೇ. 1958ರ ನೊಬೆಲ್ ಬಂದದ್ದು ಜೋಷುವಾ ಅವರಿಗೆ, ಬೇರೆ ಇಬ್ಬರ ಜೊತೆ. ಎಸ್ತರ್ ಪ್ರಶಸ್ತಿ ಸಮಾರಂಭಕ್ಕೆ ಹೋದದ್ದು ಹೆಂಡತಿಯಾಗಿ. ನಾನು ಸಂಕೋಚವಿಲ್ಲದೆ ಹೇಳುತ್ತೇನೆ, ಅದು ಅನ್ಯಾಯ.

ಎರಡು ವರ್ಷದ ನಂತರ, 1960ರಲ್ಲಿ, ಮ್ಯಾಡಿಸನ್ನಿನ ಕಿಣ್ವ ಸಂಶೋಧನಾ ಸಂಸ್ಥೆಗೆ ಹರಗೋವಿಂದ ಖುರಾನಾ ಬಂದರು. ಈಗಿನ ಪಾಕಿಸ್ತಾನಕ್ಕೆ ಸೇರಿದ ರಾಯಪುರ ಅವರ ಹಳ್ಳಿ. ನೂರು ಜನರ ಊರು. ಅಪ್ಪ ಪಟ್ವಾರಿ, ಅಂದರೆ ನಮ್ಮ ಶಾನುಭೋಗರ ಕೆಲಸ. ಓದು ಬಲ್ಲ ಮನೆ ಹೆಚ್ಚುಕಡಿಮೆ ಅದೊಂದೇ. ಮೊದಲ ಪಾಠ ಮರದ ಕೆಳಗೆ. ಇಂಗ್ಲೆಂಡಿನಲ್ಲಿ ಪಿಎಚ್.ಡಿ. ಮುಗಿಸಿ 1949ರಲ್ಲಿ ಭಾರತಕ್ಕೆ ಬಂದರು, ಕೆಲಸ ಸಿಗಲಿಲ್ಲ. ಮತ್ತೆ ಇಂಗ್ಲೆಂಡ್, ಅಲ್ಲಿಂದ ಕೆನಡಾ, ಆಮೇಲೆ ಮ್ಯಾಡಿಸನ್. ನಮ್ಮ ಮೊರದಿಂದ ಹಾರಿದ ಕಾಳನ್ನು ಈ ಊರು ಬಗ್ಗಿ ಆಯ್ದುಕೊಂಡಿತು.

ಅವರು ಮಾಡಿದ್ದನ್ನು ಒಂದು ಉದಾಹರಣೆಯಲ್ಲಿ ಹೇಳುತ್ತೇನೆ. ಜೀವಕೋಶದ ಆಜ್ಞೆಗಳು ನಾಲ್ಕು ಅಕ್ಷರಗಳ ಭಾಷೆಯಲ್ಲಿರುತ್ತವೆ. ಮೂರು ಅಕ್ಷರ ಕೂಡಿದರೆ ಒಂದು ಪದ. ಹೀಗೆ 64 ಪದಗಳು. ಯಾವ ಪದ ಯಾವ ಅಮೈನೊ ಆಮ್ಲವನ್ನು ಕರೆಯುತ್ತದೆ ಎಂಬುದು ಒಗಟು. ಖುರಾನಾ ತಮಗೆ ಬೇಕಾದ ಕ್ರಮದಲ್ಲೇ ಅಕ್ಷರ ಪೋಣಿಸಿ ಸರ ಮಾಡುವುದನ್ನು ಕಲಿತರು. ಯು, ಸಿ, ಯು, ಸಿ ಎಂದು ಹೆಣೆದರೆ ಮೂರು ಮೂರಾಗಿ ಓದಿದಾಗ ಯುಸಿಯು, ಸಿಯುಸಿ ಎಂಬ ಎರಡೇ ಪದ ಒಂದಾದ ಮೇಲೊಂದು ಬರುತ್ತವೆ. ಅದರಿಂದ ತಯಾರಾದ ಪ್ರೋಟೀನಿನಲ್ಲೂ ಸೀರಿನ್, ಲ್ಯೂಸಿನ್ ಎಂಬ ಎರಡೇ ಆಮ್ಲಗಳು ಸರದಿಯಲ್ಲಿ ಬಂದವು. ಮಲ್ಲಿಗೆ, ಕನಕಾಂಬರ, ಮಲ್ಲಿಗೆ, ಕನಕಾಂಬರ ಎಂದು ಮಾಲೆ ಕಟ್ಟಿದ ಹಾಗೆ. 1968ರಲ್ಲಿ ನಿರೆನ್‌ಬರ್ಗ್, ಹಾಲಿ ಅವರೊಂದಿಗೆ ನೊಬೆಲ್ ಬಂತು. 1970ರಲ್ಲಿ ಇಡೀ ಒಂದು ವಂಶವಾಹಿಯನ್ನೇ ಪ್ರಯೋಗಾಲಯದಲ್ಲಿ ಕಟ್ಟಿದ ಸುದ್ದಿ ಇದೇ ಊರಿನಿಂದ ಹೊರಟಿತು.

ಅದೇ ವರ್ಷದ ಆಗಸ್ಟ್ 24ರ ನಸುಕಿನಲ್ಲಿ ಸ್ಟರ್ಲಿಂಗ್ ಹಾಲ್ ಎಂಬ ಕಟ್ಟಡದ ಪಕ್ಕ ಬಾಂಬ್ ತುಂಬಿದ ವ್ಯಾನ್ ಸಿಡಿಯಿತು. ವಿಯೆಟ್ನಾಂ ಯುದ್ಧವನ್ನು ವಿರೋಧಿಸುತ್ತಿದ್ದ ನಾಲ್ವರ ಕೆಲಸ. ಗುರಿ ಅಲ್ಲಿದ್ದ ಸೇನೆಯ ಗಣಿತ ಸಂಶೋಧನಾ ಕೇಂದ್ರ. ಸತ್ತವರು ರಾಬರ್ಟ್ ಫಾಸ್‌ನಾಕ್ಟ್ ಎಂಬ ಭೌತವಿಜ್ಞಾನಿ. ಸೇನೆಗೂ ಅವರಿಗೂ ಸಂಬಂಧವಿರಲಿಲ್ಲ. ವಯಸ್ಸು 33. ರಾತ್ರಿ ಪ್ರಯೋಗ ಮುಗಿಸಲು ಉಳಿದುಕೊಂಡಿದ್ದರು. ಮ್ಯಾಡಿಸನ್ನಿನ ಹೆಸರಾಂತರ ಪಟ್ಟಿಗಳಲ್ಲಿ ಅವರ ಹೆಸರು ಸಾಮಾನ್ಯವಾಗಿ ಇರುವುದಿಲ್ಲ. ನನ್ನ ಪಟ್ಟಿಯಲ್ಲಿ ಇದೆ.

ಭಾರತದಿಂದ ಬಂದು ಹಿಂದಿರುಗಿದವರೂ ಇದ್ದಾರೆ. ಎಂ. ಎಸ್. ಸ್ವಾಮಿನಾಥನ್ 1952-53ರಲ್ಲಿ ಇಲ್ಲಿ ಆಲೂಗೆಡ್ಡೆಯ ತಳಿಗಳ ಮೇಲೆ ಕೆಲಸ ಮಾಡಿದರು. ಇಲ್ಲೇ ಪ್ರಾಧ್ಯಾಪಕರಾಗಿ ಎಂದರೂ ಒಲ್ಲೆನೆಂದು 1954ರಲ್ಲಿ ದೇಶಕ್ಕೆ ಮರಳಿದರು. ಮುಂದಿನದು ನಿಮಗೆ ಗೊತ್ತಿದೆ. ಷಿಕಾಗೊದಲ್ಲಿ ನೆಲೆಸಿದ್ದ ನಮ್ಮ ಎ. ಕೆ. ರಾಮಾನುಜನ್ ಕೂಡ ಕೆಲಕಾಲ ಈ ವಿಶ್ವವಿದ್ಯಾಲಯದಲ್ಲಿ ಪಾಠ ಮಾಡಿದ್ದರು. ಮೈಸೂರಿನ ಹುಡುಗನೊಬ್ಬ ಬಸವಣ್ಣ, ಅಲ್ಲಮರನ್ನು ಇಂಗ್ಲಿಷಿಗೆ ಕರೆದೊಯ್ದ ದಾರಿಯಲ್ಲಿ ಈ ಸರೋವರಗಳೂ ಬಂದಿವೆ ಎಂಬುದು ಪರದೇಶದ ಮೊದಲ ಚಳಿಗಾಲದಲ್ಲಿ ನನಗೆ ದೊಡ್ಡ ಧೈರ್ಯ ಕೊಟ್ಟಿತ್ತು.

ಬೇಗ ಬೇಗ ಇನ್ನು ಕೆಲವರು. ಭೌತವಿಜ್ಞಾನದಲ್ಲಿ ಎರಡು ನೊಬೆಲ್ ಪಡೆದ ಏಕೈಕ ವ್ಯಕ್ತಿ ಜಾನ್ ಬಾರ್ಡೀನ್ ಹುಟ್ಟಿದ್ದು, ಓದಿದ್ದು, ಕೊನೆಗೆ ಮಣ್ಣಾದದ್ದು ಇಲ್ಲೇ. ನಿಮ್ಮ ಜೇಬಿನಲ್ಲಿರುವ ಮೊಬೈಲಿನ ಒಳಗಿನ ಟ್ರಾನ್ಸಿಸ್ಟರಿನ ಮೂವರು ಜನಕರಲ್ಲಿ ಅವರೊಬ್ಬರು. ಚಿತ್ರಕಲಾವಿದೆ ಜಾರ್ಜಿಯಾ ಓಕೀಫ್ ಇಲ್ಲಿನ ಶಾಲೆಯಲ್ಲಿದ್ದಾಗ ಟೀಚರೊಬ್ಬರು ಒಂದು ಕಾಡುಹೂವನ್ನು ಎತ್ತಿ ಹಿಡಿದು ತೋರಿಸಿದರು. ನಮ್ಮ ಕೆಸುವಿನ ಕುಟುಂಬದ್ದು, ಹೂವಿನ ಮೇಲೆ ಎಲೆಯೇ ಕೊಡೆಯಾಗಿ ಬಾಗಿರುತ್ತದೆ. ಅದರ ಬಣ್ಣಗಳನ್ನು ಅವರು ಮರೆಯಲಿಲ್ಲ. 1930ರಲ್ಲಿ ಅದೇ ಹೂವಿನ ಆರು ಚಿತ್ರ ಬರೆದರು. ಲೊರೇನ್ ಹ್ಯಾನ್ಸ್‌ಬೆರಿ 1948ರಲ್ಲಿ ಬಂದು, ವಿಶ್ವವಿದ್ಯಾಲಯದ ರಂಗದ ಮೇಲೆ ಐರಿಷ್ ಬಡವರ ನಾಟಕವೊಂದನ್ನು ಕಂಡು ಬೆರಗಾಗಿ, ಎರಡು ವರ್ಷಕ್ಕೆ ಓದು ಬಿಟ್ಟು ಹೋದರು. 1959ರಲ್ಲಿ ಬ್ರಾಡ್‌ವೇ ರಂಗಭೂಮಿ ಮೊದಲ ಬಾರಿಗೆ ಒಬ್ಬ ಕಪ್ಪು ಮಹಿಳೆಯ ನಾಟಕ ಕಂಡದ್ದು ಅವರಿಂದ.

ಆಲ್ಡೊ ಲಿಯೊಪೋಲ್ಡ್ ಅವರ ಬಳಿ ಸ್ವಲ್ಪ ನಿಲ್ಲಬೇಕು. ಅರಣ್ಯಾಧಿಕಾರಿಯಾಗಿದ್ದವರು 1924ರಲ್ಲಿ ಮ್ಯಾಡಿಸನ್ನಿಗೆ ಬಂದರು. ಅವರೂ ಸಂಗಡಿಗರೂ ಸೇರಿ ಊರಂಚಿನ ಸವೆದ ಹೊಲವೊಂದನ್ನು ಹಳೆಯ ಹುಲ್ಲುಗಾವಲಾಗಿ ಮರಳಿಸಲು ಹೊರಟರು. ಉಳುವ ಮೊದಲು ಆ ನೆಲದಲ್ಲಿ ಇದ್ದ ಹುಲ್ಲು, ಹೂಗಿಡಗಳನ್ನು ಹುಡುಕಿ ತಂದು ನೆಟ್ಟರು. ಪ್ರಪಂಚದಲ್ಲಿ ಇಂಥ ಪ್ರಯತ್ನ ಅದೇ ಮೊದಲಿನದು ಎನ್ನುತ್ತಾರೆ. ನಾನು ಪ್ರತಿ ಸೆಪ್ಟೆಂಬರಿನಲ್ಲಿ ಅಲ್ಲಿಗೆ ಹೋಗುತ್ತಿದ್ದೆ. ಹುಲ್ಲು ನನ್ನ ತಲೆಗಿಂತ ಎತ್ತರ. ಗಾಳಿ ಬಂದರೆ ಮಾಗಿದ ಜೋಳದ ಹೊಲದ ಸದ್ದು. 1948ರ ಏಪ್ರಿಲಿನಲ್ಲಿ ಅವರ ಪ್ರಬಂಧಗಳ ಪುಸ್ತಕಕ್ಕೆ ಪ್ರಕಾಶಕರು ಒಪ್ಪಿಗೆ ಕೊಟ್ಟರು. ಒಂದು ವಾರಕ್ಕೆ, ನೆರೆಯವರ ಹುಲ್ಲಿಗೆ ಬಿದ್ದ ಬೆಂಕಿ ಆರಿಸಲು ಓಡಿದವರು ಹೃದಯಾಘಾತವಾಗಿ ಅಲ್ಲೇ ತೀರಿಕೊಂಡರು. ಪುಸ್ತಕ ಮರುವರ್ಷ ಬಂತು.

ಕೊನೆಯದಾಗಿ ವಾಸ್ತುಶಿಲ್ಪಿ ಫ್ರಾಂಕ್ ಲಾಯ್ಡ್ ರೈಟ್. ಬಾಲ್ಯದ ಬಹುಭಾಗ ಈ ಊರಿನಲ್ಲಿ. 1883ರಲ್ಲಿ ಶಾಸನಸಭೆಯ ಕಟ್ಟಡಕ್ಕೆ ಸೇರಿಸುತ್ತಿದ್ದ ಹೊಸ ಭಾಗ ಕುಸಿದು ಕೆಲಸಗಾರರು ಸತ್ತದ್ದನ್ನು ಹದಿಹರೆಯದ ಕಣ್ಣಿನಲ್ಲಿ ಕಂಡವರು. 1937ರಲ್ಲಿ ಇಲ್ಲಿನ ಪತ್ರಕರ್ತರೊಬ್ಬರಿಗೆ 5,500 ಡಾಲರಿನಲ್ಲಿ ಅಚ್ಚುಕಟ್ಟಾದ ಮನೆ ಕಟ್ಟಿಕೊಟ್ಟರು. ಇಂದು ಅದು ಯುನೆಸ್ಕೊ ಪಟ್ಟಿಯಲ್ಲಿದೆ. 1938ರಲ್ಲಿ ಮೊನೋನಾ ಸರೋವರದ ದಡದಲ್ಲಿ, ನೀರಿನ ಮೇಲೆ ಅರ್ಧಚಂದ್ರವಾಗಿ ಚಾಚುವ ಸಾರ್ವಜನಿಕ ಭವನವೊಂದರ ನಕ್ಷೆ ಮುಂದಿಟ್ಟರು. ಒಂದೇ ಒಂದು ಮತದಿಂದ ಅದು ಬಿತ್ತು. ಮತ್ತೆ ಬರೆದರು, ಮತ್ತೆ ವಿರೋಧ. ಅವರ ಸಾಲ, ಅವರ ಖಾಸಗಿ ಬದುಕು, ಅವರ ಬಾಯಿ ಯಾವುದೂ ಊರಿಗೆ ಹಿಡಿಸುತ್ತಿರಲಿಲ್ಲ. 1959ರಲ್ಲಿ ರೈಟ್ ತೀರಿಕೊಂಡರು. ಭವನ ತೆರೆದದ್ದು 1997ರ ಜುಲೈಯಲ್ಲಿ. ಅಷ್ಟು ತಡವಾದರೂ ಊರು ಬಗ್ಗಿತಲ್ಲ ಎಂಬ ಸಂತೋಷ ನನಗಿದೆ. ಆದರೆ ಅದನ್ನು ಕಾಣಬೇಕಾಗಿದ್ದವರು ಕಾಣಲಿಲ್ಲ.

ಆ ಭವನದ ಮಾಳಿಗೆಯಲ್ಲಿ ಒಂದು ಫಲಕ, ಕೆಲವು ಬೆಂಚುಗಳಿವೆ. ಅವು ಗಾಯಕ ಓಟಿಸ್ ರೆಡ್ಡಿಂಗ್ ನೆನಪಿನವು. ಅವರು ಈ ಊರಿನವರಲ್ಲ. 1967ರ ಡಿಸೆಂಬರ್ 10ರ ಭಾನುವಾರ ಇಲ್ಲಿ ಹಾಡಲು ಬರುತ್ತಿದ್ದರು. ಅವರ ಪುಟ್ಟ ವಿಮಾನ ಮೊನೋನಾದ ಕೊರೆಯುವ ನೀರಿಗೆ ಬಿತ್ತು. ಒಬ್ಬ ವಾದ್ಯಗಾರನ ಹೊರತು ಯಾರೂ ಉಳಿಯಲಿಲ್ಲ. ರೆಡ್ಡಿಂಗ್‌ಗೆ 26 ವರ್ಷ. ಸಾಯುವ ಕೆಲವೇ ದಿನ ಮುಂಚೆ ಮುದ್ರಿಸಿದ್ದ ಹಾಡು ಮುಂದಿನ ವರ್ಷ ಅಮೆರಿಕದ ಮೊದಲ ಸ್ಥಾನಕ್ಕೇರಿತು. ನೀರಿನ ದಡದಲ್ಲಿ ಸುಮ್ಮನೆ ಕುಳಿತವನ ಹಾಡು ಅದು.

ಊರು ಬಿಡುವ ಹಿಂದಿನ ಸಂಜೆ ಆ ಬೆಂಚಿನ ಮೇಲೆ ಕುಳಿತಿದ್ದೆ. ಪಕ್ಕದ ಬೆಂಚಿನಲ್ಲಿ ವಯಸ್ಸಾದವರೊಬ್ಬರು ಮೊಬೈಲಿನಲ್ಲಿ ಅದೇ ಹಾಡು ಸಣ್ಣಗೆ ಹಾಕಿಕೊಂಡು ಸರೋವರ ನೋಡುತ್ತಿದ್ದರು. ಹಾಡಿನ ಕೊನೆಗೆ ಮಾತಿಲ್ಲ, ರೆಡ್ಡಿಂಗ್ ಸಿಳ್ಳೆ ಹಾಕುತ್ತಾರೆ. ಆ ಸಿಳ್ಳೆ ನಿಲ್ಲುವವರೆಗೆ ನಾವಿಬ್ಬರೂ ಏಳಲಿಲ್ಲ.